ಮುಗಿಲಿನ ಲೆಕ್ಕಿಗರು

ಹಾಸ್ಯಗಾರರಿಗೆ ಎಂದೂ ಬರಗಾಲ ತಾರದ ವಸ್ತುಗಳು ಲೋಕದಲ್ಲಿ ಕೆಲವಿವೆ. ಅಳಿಯನ ಹಟ, ಹೊಸ ಅಡಿಗೆಯವಳ ಸಾರು, ಸಂಗೀತ ಕಲಿಯಲು ಹೊರಟ ನೆರೆಮನೆಯಾತ, ಇವರ ಸಾಲಿನಲ್ಲಿ ಹವಾಮಾನ ಇಲಾಖೆಗೂ ಒಂದು ಕಾಯಂ ಪೀಠವುಂಟು. ‘ಇಂದು ಮಳೆಯಿಲ್ಲವೆಂದು ಇಲಾಖೆಯವರು ಹೇಳಿದ್ದಾರೆ, ಆದ್ದರಿಂದ ಕೊಡೆ ಮರೆಯಬೇಡಿ’ ಎಂಬ ವಿನೋದವನ್ನು ಕೇಳಿ ನಗದವರು ವಿರಳ. ಹೇಳಿದಂತೆ ಮಳೆ ಬಂದ ದಿನ ಇಲಾಖೆಯನ್ನು ನೆನೆಯುವವರು ಮಾತ್ರ ಇನ್ನೂ ವಿರಳ. ಸರಿಯಾದ ಮುನ್ಸೂಚನೆ ಉಪ್ಪಿನಂತೆ. ಹದವಾಗಿದ್ದಾಗ ಯಾರೂ ಅದರ ಮಾತೆತ್ತುವುದಿಲ್ಲ.

ನಗರವಾಸಿಗಳಾದ ನಮಗೆ ಈ ಮುನ್ಸೂಚನೆ ತಪ್ಪಿದರೆ ಆಗುವ ನಷ್ಟವಾದರೂ ಎಷ್ಟು? ಮಾಳಿಗೆಯ ಮೇಲೆ ಹರವಿದ ಸಂಡಿಗೆ ನೆನೆದೀತು. ಜರಿಸೀರೆಯ ಅಂಚು ಕೆಸರಾದೀತು. ಬಯಲಿನಲ್ಲಿ ಏರ್ಪಡಿಸಿದ ಆರತಕ್ಷತೆಯನ್ನು ಅವಸರವಸರವಾಗಿ ಒಳಕ್ಕೆ ಸಾಗಿಸಬೇಕಾದೀತು. ಮರುದಿನಕ್ಕೆ ಇದೆಲ್ಲ ನಗುವ ಕಥೆಯೇ ಆಗುತ್ತದೆ. ಅದೇ ಮುನ್ಸೂಚನೆಯನ್ನು ಬೀದರ ತಾಲೂಕಿನ ಬಗದಲ್ ಊರಿನ ಹೊಲದ ಬದುವಿನ ಮೇಲೆ ನಿಂತು ಕೇಳಿದರೆ ಅರ್ಥವೇ ಬೇರೆಯಾಗಿಬಿಡುತ್ತದೆ.

ಕರ್ನಾಟಕದ ಕಿರೀಟದಂತೆ ಉತ್ತರದ ತುದಿಯಲ್ಲಿರುವ ಆ ಸೀಮೆ ಸಮುದ್ರಮಟ್ಟದಿಂದ ಸುಮಾರು ಎರಡು ಸಾವಿರ ಅಡಿ ಎತ್ತರದ ಪ್ರಸ್ಥಭೂಮಿ. ಬೀದರ ಕೋಟೆಯ ಸುತ್ತ ಕಾಣುವುದು ಜಂಬಿಟ್ಟಿಗೆಯ ಕೆಂಪು ನೆಲ. ಭಾಲ್ಕಿ, ಔರಾದಗಳ ಕಡೆಗೆ ಸರಿದಂತೆ ಎರೆ ಮಣ್ಣು ಹೆಚ್ಚುತ್ತದೆ. ವರ್ಷಕ್ಕೆ ಸರಾಸರಿ 800ರಿಂದ 900 ಮಿಲಿಮೀಟರು ಮಳೆ. ಕಾಗದದ ಮೇಲೆ ನೋಡಿದರೆ ಕಡಿಮೆಯೇನಲ್ಲ. ಆದರೆ ಅದರ ಬಹುಪಾಲು ಜೂನಿನಿಂದ ಸೆಪ್ಟೆಂಬರವರೆಗಿನ ನಾಲ್ಕು ತಿಂಗಳಲ್ಲೇ ಸುರಿದುಹೋಗಬೇಕು; ಆ ನಾಲ್ಕು ತಿಂಗಳಲ್ಲಿಯೂ ಅದು ಸಮನಾಗಿ ಹಂಚಿ ಬರುವುದಿಲ್ಲ. ಹೆಸರು, ಉದ್ದು, ತೊಗರಿ, ಸೋಯಾ ಎಲ್ಲಕ್ಕೂ ಆಧಾರ ಈ ಮುಂಗಾರೇ.

ಜೂನ್ ಮೊದಲ ವಾರದಲ್ಲಿ ಒಂದು ಸಂಜೆ ಗುಡುಗಿ ಮಳೆ ಬೀಳುತ್ತದೆ. ಮಣ್ಣಿನ ವಾಸನೆ ಏಳುತ್ತದೆ. ಬಿತ್ತಬೇಕೇ, ಕಾಯಬೇಕೇ? ರೈತನ ವರ್ಷವೆಲ್ಲ ಈ ಒಂದು ಪ್ರಶ್ನೆಯ ಮೇಲೆ ನಿಂತಿರುತ್ತದೆ. 75ರಿಂದ 100 ಮಿಲಿಮೀಟರು ಮಳೆಯಾಗಿ ನೆಲ ಚೆನ್ನಾಗಿ ನೆನೆಯುವವರೆಗೆ ಸೋಯಾ ಬಿತ್ತಬೇಡಿರೆಂಬುದು ಕೃಷಿ ತಜ್ಞರ ಸಲಹೆ. ಆದರೆ ಕಾಯುತ್ತ ಕುಳಿತು ಹದ ಆರಿಹೋದರೆ? ಬಿತ್ತಿದ ಮೇಲೆ ಹದಿನೈದು ದಿನ ಮೋಡವೇ ಸುಳಿಯದಿದ್ದರೆ? ಮೊಳಕೆ ನೆಲದಲ್ಲೇ ಬಾಡುತ್ತದೆ. ಬೀಜದ ಹಣ, ಗೊಬ್ಬರದ ಹಣ, ಕೂಲಿಯ ಹಣ ಮೂರೂ ಮಣ್ಣುಪಾಲು. ಮತ್ತೊಮ್ಮೆ ಬಿತ್ತಲು ಮತ್ತೊಮ್ಮೆ ಸಾಲ ಮಾಡಬೇಕು. ಹೆಸರು, ಉದ್ದುಗಳಂಥ ಅಲ್ಪಾವಧಿಯ ಬೆಳೆಗಾದರೋ ಎರಡನೆಯ ಅವಕಾಶವೇ ಬಹಳ ಕಿರಿದು. ಆಗಸ್ಟಿನಲ್ಲಿ ಕಾಯಿ ಕಪ್ಪಾಗಿ ಕಟಾವಿಗೆ ಬಂದಾಗ ಇನ್ನೊಂದು ಪರೀಕ್ಷೆ: ನಾಲ್ಕು ದಿನ ಬಿಡದೆ ಜಡಿಮಳೆ ಹಿಡಿದರೆ ಕಾಳು ಗಿಡದ ಮೇಲೆಯೇ ಮೊಳೆಯುತ್ತದೆ. ಮಳೆ ಬಾರದೆ ಕೆಟ್ಟ ಬೆಳೆ ಒಂದು ದುಃಖ. ಕೈಗೆ ಬಂದದ್ದು ಮಳೆಯಿಂದ ಕೆಡುವುದು ಇನ್ನೂ ದೊಡ್ಡ ದುಃಖ. ಎರಡು ದಿನ ಮುಂಚಿತವಾಗಿ ತಿಳಿದರೆ ಮನೆಮಂದಿಯೆಲ್ಲ ಹೊಲಕ್ಕಿಳಿದು ಬಿಡಿಸಿಕೊಂಡಾರು.

ಹಿಂದೆ ಈ ಪ್ರಶ್ನೆಗೆ ಪಂಚಾಂಗ ಉತ್ತರ ಕೊಡುತ್ತಿತ್ತು. ಈಗಲೂ ಕೊಡುತ್ತದೆ. ರೋಹಿಣಿ, ಮೃಗಶಿರ, ಆರಿದ್ರಾ, ಪುನರ್ವಸು ಎಂದು ಮಳೆಯನ್ನು ನಕ್ಷತ್ರದ ಹೆಸರು ಹಿಡಿದು ಕರೆಯುವ ನಮ್ಮ ಪದ್ಧತಿಯನ್ನು ಮೂಢನಂಬಿಕೆಯೆಂದು ತಳ್ಳಿಹಾಕುವ ವಿದ್ಯಾವಂತರುಂಟು. ನನಗದು ಒಪ್ಪಿಗೆಯಿಲ್ಲ. ಸೂರ್ಯನು ಆಯಾ ನಕ್ಷತ್ರದಲ್ಲಿ ನಿಲ್ಲುವ ಹದಿಮೂರು ಹದಿನಾಲ್ಕು ದಿನಗಳ ಲೆಕ್ಕವಾದುದರಿಂದ ಅದು ಋತುವಿನೊಡನೆ ಹೆಜ್ಜೆ ಹಾಕುವ ಸೌರ ಕಾಲಮಾನ. ಮೃಗಶಿರ ಕೂಡುವುದು ಜೂನ್ 7-8ರ ಸುಮಾರಿಗೆ. ಕೇರಳಕ್ಕೆ ಸಾಮಾನ್ಯವಾಗಿ ಜೂನ್ 1ಕ್ಕೆ ಬರುವ ಮುಂಗಾರು ಈ ಸೀಮೆಯನ್ನು ಮುಟ್ಟುವುದೂ ಹೆಚ್ಚುಕಡಿಮೆ ಆ ದಿನಗಳಲ್ಲಿಯೇ. ಶತಮಾನಗಳ ಅನುಭವವನ್ನು ಅಕ್ಷರ ಬಾರದವನೂ ನೆನಪಿಡುವಂತೆ ಕಟ್ಟಿಟ್ಟ ಕೋಷ್ಟಕವದು. ಆದರೆ ಅದರ ಮಿತಿಯನ್ನೂ ಹೇಳಬೇಕು. ಅದು ಹೇಳುವುದು ಬಹುಕಾಲದ ಸರಾಸರಿಯನ್ನು, ಈ ವರ್ಷದ ಮಾತನ್ನಲ್ಲ. ಮೃಗಶಿರ ಪ್ರತಿ ವರ್ಷ ಬರುತ್ತದೆ. ಮೃಗಶಿರದ ಮಳೆ ಪ್ರತಿ ವರ್ಷ ಬರುವುದಿಲ್ಲ.

ಆ ಊರಿನವರಿಗೆ ಮುಗಿಲಿನ ಚಂಚಲತೆ ಹೊಸದಲ್ಲ. ಬಹಮನಿ ಸುಲ್ತಾನರು ಹದಿನೈದನೆಯ ಶತಮಾನದಲ್ಲಿ ಬೀದರನ್ನು ರಾಜಧಾನಿಯಾಗಿ ಮಾಡಿಕೊಂಡಾಗ ನೌಬಾದಿನ ಬಳಿ ಜಂಬಿಟ್ಟಿಗೆಯ ಹೊಟ್ಟೆ ಕೊರೆದು, ಪಾರಸಿಕ ದೇಶದ ಮಾದರಿಯಲ್ಲಿ ನೆಲದಡಿಯ ಕಾಲುವೆಯನ್ನೇ ತೆಗೆಸಿದರು. ಸುರಂಗ ಬಾವಿ ಎಂದು ಜನ ಕರೆಯುವ ಆ ಕೆಲಸವನ್ನು ನೋಡಿದವರಿಗೆ, ಮೇಲಿನಿಂದ ಬೀಳುವುದನ್ನು ನೆಚ್ಚಲಾರದ ಅರಸರು ಕೆಳಗೆ ಇಂಗಿದುದನ್ನು ಹುಡುಕಿಕೊಂಡು ಹೋದದ್ದು ಕಣ್ಣಿಗೆ ಕಟ್ಟುತ್ತದೆ.

ಇನ್ನು ಮುಗಿಲನ್ನೇ ಲೆಕ್ಕಕ್ಕೆ ಹಿಡಿಯುವವರ ವಿಷಯ. ಭಾರತದ ಹವಾಮಾನ ಇಲಾಖೆ ಹುಟ್ಟಿದ್ದು 1875ರಲ್ಲಿ. ಅದರ ಹುಟ್ಟಿಗೆ ಕಾರಣವಾದದ್ದು ಪಂಡಿತರ ಕುತೂಹಲಕ್ಕಿಂತ ಹೆಚ್ಚಾಗಿ ಹೆಣಗಳ ರಾಶಿ. 1864ರಲ್ಲಿ ಕಲ್ಕತ್ತೆಗೆ ಅಪ್ಪಳಿಸಿದ ಚಂಡಮಾರುತ ಸಹಸ್ರಾರು ಜನರನ್ನು ನುಂಗಿತು. 1866ರಲ್ಲಿ ಮಳೆಯಿಲ್ಲದೆ ಒರಿಸ್ಸಾದಲ್ಲಿ ಘೋರ ಕ್ಷಾಮ. ಇಲಾಖೆ ಕಣ್ಣು ಬಿಡುವಷ್ಟರಲ್ಲಿಯೇ 1876-78ರ ಮಹಾಕ್ಷಾಮ ಮೈಸೂರು, ಮದ್ರಾಸು, ಮುಂಬಯಿ, ಹೈದರಾಬಾದು ಸೀಮೆಗಳನ್ನು ಹುರಿದುಹಾಕಿತು. ಮುಂಬರುವ ಮುಂಗಾರು ಹೇಗಿದ್ದೀತೆಂದು ಮೊದಲೇ ಹೇಳಲು ಸಾಧ್ಯವೇ ಎಂದು ಸರ್ಕಾರ ಕೇಳಿತು. ಮೊದಲ ಮುಖ್ಯಸ್ಥ ಹೆನ್ರಿ ಬ್ಲಾನ್‌ಫರ್ಡ್ ಹಿಮಾಲಯದ ಕಡೆ ನೋಡಿದ. ಚಳಿಗಾಲದಲ್ಲಿ ಅಲ್ಲಿ ಹಿಮ ಹೆಚ್ಚು ಬಿದ್ದರೆ ಮುಂದಿನ ಮುಂಗಾರು ಕ್ಷೀಣವಾದೀತೆಂಬುದು ಅವನ ಊಹೆ. ಅದನ್ನು ಆಧಾರವಾಗಿಟ್ಟುಕೊಂಡು 1886ರಲ್ಲಿ ದೇಶದ ಮೊದಲ ದೀರ್ಘಾವಧಿ ಮುನ್ಸೂಚನೆ ಹೊರಟಿತು.

ಊಹೆಗೆ ಆಧಾರವಿಲ್ಲದಿರಲಿಲ್ಲ; ಆದರೆ ಅದೊಂದೇ ಸಾಲಲಿಲ್ಲ. ಅನಂತರ ಬಂದ ಜಾನ್ ಎಲಿಯಟ್ 1899ರಲ್ಲಿ ಒಳ್ಳೆಯ ಮಳೆಯನ್ನು ನಿರೀಕ್ಷಿಸಿದ. ಬಂದದ್ದು ಶತಮಾನದ ಭೀಕರ ಬರಗಳಲ್ಲೊಂದು. ಅವನ ಸ್ಥಾನಕ್ಕೆ 1904ರಲ್ಲಿ ಗಿಲ್ಬರ್ಟ್ ವಾಕರ್ ಬಂದ. ಈತ ಹವಾಮಾನವನ್ನೇ ಓದಿದವನಲ್ಲ, ಕೇಂಬ್ರಿಜಿನ ಗಣಿತಜ್ಞ. ಎಸೆದರೆ ಎಸೆದವನ ಕೈಗೇ ಹಿಂದಿರುಗುವ ಬೂಮರಾಂಗಿನ ಚಲನೆಯನ್ನು ಅಭ್ಯಾಸ ಮಾಡಿದ ವಿಚಿತ್ರ ಪುರುಷ. ಮುಂಗಾರಿನ ಗುಟ್ಟನ್ನು ಭಾರತದಲ್ಲಿ ಹುಡುಕಿ ಪ್ರಯೋಜನವಿಲ್ಲವೆಂದು ಕಂಡುಕೊಂಡು, ಜಗತ್ತಿನ ಮೂಲೆಮೂಲೆಗಳ ವಾಯುಭಾರದ ಅಂಕಿಗಳನ್ನು ತರಿಸಿ, ಗುಮಾಸ್ತರ ದಂಡನ್ನು ಕೂರಿಸಿ ಲೆಕ್ಕ ಹಾಕಿಸಿದ. ಯಂತ್ರಗಣಕವಿಲ್ಲದ ಕಾಲವದು, ಎಲ್ಲವೂ ಲೇಖನಿ ಕಾಗದಗಳ ಕೆಲಸ. ಆ ರಾಶಿಯಿಂದ ಒಂದು ಅಪೂರ್ವ ಸಂಗತಿ ಎದ್ದುಬಂತು. ಶಾಂತ ಮಹಾಸಾಗರದ ಮೇಲೆ ವಾಯುಭಾರ ಏರಿದಾಗ ಹಿಂದೂ ಮಹಾಸಾಗರದ ಮೇಲೆ ಇಳಿಯುತ್ತದೆ. ಅಲ್ಲಿ ಇಳಿದಾಗ ಇಲ್ಲಿ ಏರುತ್ತದೆ. ಎರಡು ಸಾಗರಗಳ ನಡುವೆ ತಕ್ಕಡಿಯೊಂದು ತೂಗಿದಂತೆ. ಇದಕ್ಕೆ ವಾಕರ್ ದಕ್ಷಿಣದ ಆಂದೋಲನವೆಂದು ಹೆಸರಿಟ್ಟ. ಪೆರು ದೇಶದ ಬೆಸ್ತರು ಎಲ್ ನಿನೊ ಎಂದು ಕರೆಯುತ್ತಿದ್ದ ಕಡಲ ಬಿಸಿಗೂ ಈ ತಕ್ಕಡಿಗೂ ನಂಟಿದೆಯೆಂಬುದು ಖಚಿತವಾದದ್ದು ಅವನ ಕಾಲ ಮುಗಿದು ಎಷ್ಟೋ ವರ್ಷಗಳ ಮೇಲೆ, 1960ರ ದಶಕದಲ್ಲಿ. ಪೆರುವಿನ ಬೆಸ್ತನ ಬಲೆಗೆ ಮೀನು ಬೀಳದ ವರ್ಷ ಬಗದಲ್ಲಿನ ರೈತನ ಹೊಲಕ್ಕೆ ಮಳೆ ಬೀಳದೆ ಹೋಗಬಹುದೆಂದರೆ ನಂಬುವುದು ಕಷ್ಟ. ಎಲ್ ನಿನೊ ಬಂದ ವರ್ಷಗಳೆಲ್ಲ ಬರದ ವರ್ಷಗಳಲ್ಲ ಎಂಬುದನ್ನೂ ಜೊತೆಯಲ್ಲಿಯೇ ಹೇಳಬೇಕು. ಅಪಾಯ ಹೆಚ್ಚುತ್ತದೆ, ಅಷ್ಟೇ.

ಈ ಎಲ್ಲ ದೊಡ್ಡ ವಿಚಾರಗಳ ಬುಡದಲ್ಲಿರುವುದು ಬಹಳ ಸಣ್ಣ ಕೆಲಸ. ಬೆಳಗಿನ ಎಂಟೂವರೆ ಗಂಟೆಗೆ ವೀಕ್ಷಣಾಲಯದ ನೌಕರನು ಅಂಗಳಕ್ಕಿಳಿಯುತ್ತಾನೆ. ಅಲ್ಲಿ ನಾಲ್ಕು ಕಾಲುಗಳ ಮೇಲೆ ಜೇನುಪೆಟ್ಟಿಗೆಯಂಥ ಒಂದು ಬಿಳಿಯ ಪೆಟ್ಟಿಗೆ. ಗಾಳಿಯಾಡಲು ಸುತ್ತ ಪಟ್ಟಿಗಳು; ಬಿಸಿಲು ಒಳಗೆ ಬೀಳದಂತೆ ಬಾಗಿಲು ಉತ್ತರಕ್ಕೆ. ಇದನ್ನು ಕಲ್ಪಿಸಿದವನು ಥಾಮಸ್ ಸ್ಟೀವನ್‌ಸನ್. ನಿಧಿಯ ದ್ವೀಪದ ಕಾದಂಬರಿಕಾರನ ತಂದೆ. ಒಳಗಿನ ಉಷ್ಣಮಾಪಕಗಳನ್ನು ಓದಿ, ಮಳೆಮಾಪಕದಲ್ಲಿ ಕೂಡಿದ ನೀರನ್ನು ಅಳೆದು, ಮೋಡದ ಜಾತಿ, ಗಾಳಿಯ ದಿಕ್ಕು, ವಾಯುಭಾರಗಳನ್ನು ಬರೆದು, ಅಂಕಿಗಳ ಸಂಕೇತವಾಗಿಸಿ ಕಳಿಸುತ್ತಾನೆ. ಅದೇ ಕ್ಷಣದಲ್ಲಿ ಜಪಾನಿನಲ್ಲಿಯೂ ಕೀನ್ಯಾದಲ್ಲಿಯೂ ಅವನ ಸಹೋದ್ಯೋಗಿಗಳು ಇದೇ ಕೆಲಸ ಮಾಡುತ್ತಿರುತ್ತಾರೆ. ಅವರ ಗಡಿಯಾರ ಮಾತ್ರ ಬೇರೆ ಗಂಟೆ ತೋರುತ್ತಿರುತ್ತದೆ. ಮುಂಜಾನೆ ಮತ್ತು ಸಂಜೆ ಐದೂವರೆಯ ಸುಮಾರಿಗೆ ದೇಶದ ಹಲವೆಡೆ ಜಲಜನಕ ತುಂಬಿದ ಬಲೂನುಗಳು ಉಪಕರಣ ಹೊತ್ತು ಮೇಲೇರುತ್ತವೆ. ದೇಶ ದೇಶಗಳು ಒಂದರ ಮೇಲೊಂದು ಕತ್ತಿ ಮಸೆಯುತ್ತಿರುವಾಗಲೂ ಹವೆಯ ಅಂಕಿಗಳನ್ನು ಒಬ್ಬರಿಗೊಬ್ಬರು ಕೊಟ್ಟುಕೊಳ್ಳುವ ಪದ್ಧತಿ ನಿಂತಿಲ್ಲ. ಗಾಳಿಗೆ ರಹದಾರಿ ಕೇಳುವವರಾರು?

ಮಳೆಯ ಅಳತೆಯ ಬಗ್ಗೆ ಒಂದು ಮಾತು. ಪತ್ರಿಕೆಯಲ್ಲಿ ‘10 ಮಿಲಿಮೀಟರು ಮಳೆ’ ಎಂದು ಓದಿ, ಬೆರಳ ಅಗಲವೂ ಇಲ್ಲದ ಇದೇನು ಮಳೆಯೆಂದು ಮೂಗು ಮುರಿಯುವುದುಂಟು. ಒಂದು ಚದರ ಮೀಟರು ನೆಲದ ಮೇಲೆ ಒಂದು ಮಿಲಿಮೀಟರು ನಿಂತರೆ ಅದು ಒಂದು ಲೀಟರು ನೀರು. ಒಂದು ಎಕರೆಗೆ ಲೆಕ್ಕ ಹಾಕಿದರೆ ನಾಲ್ಕು ಸಾವಿರ ಲೀಟರಿಗೂ ಮಿಗಿಲು. ಹತ್ತು ಮಿಲಿಮೀಟರು ಮಳೆಯೆಂದರೆ ಎಕರೆಯೊಂದಕ್ಕೆ ಬೀದಿಗೆ ಬರುವ ನೀರಿನ ಟ್ಯಾಂಕರುಗಳ ಮೆರವಣಿಗೆಯೇ ಬಂದಂತೆ.

ಒಂದು ಅಂಕಿಯ ಬೆಲೆಯೆಷ್ಟೆಂಬುದಕ್ಕೆ ಎರಡನೆಯ ಮಹಾಯುದ್ಧದ ಪ್ರಸಂಗವೊಂದಿದೆ. 1944ರ ಜೂನಿನಲ್ಲಿ ಮಿತ್ರರಾಷ್ಟ್ರಗಳ ಸೇನೆ ಕಾಲುವೆ ದಾಟಿ ನಾರ್ಮಂಡಿಯ ಮೇಲೆ ಇಳಿಯಲು ಸಿದ್ಧವಾಗಿ ನಿಂತಿತ್ತು. ದಿನ ಗೊತ್ತಾಗಿದ್ದುದು ಜೂನ್ 5. ಐರ್ಲೆಂಡಿನ ಪಶ್ಚಿಮ ದಂಡೆಯ ಬ್ಲಾಕ್‌ಸಾಡ್ ಎಂಬ ಕುಗ್ರಾಮದ ಅಂಚೆ ಕಚೇರಿಯಲ್ಲಿ ಮಾರೀನ್ ಫ್ಲಾವಿನ್ ಎಂಬ ಯುವತಿ ಅಂಚೆಯ ಕೆಲಸದ ಜೊತೆಗೆ ವಾಯುಭಾರಮಾಪಕವನ್ನೂ ಓದಿ ವರದಿ ಕಳಿಸುತ್ತಿದ್ದಳು. ಜೂನ್ 3ರ ನಡುರಾತ್ರಿಯ ನಂತರ ಅವಳು ಕಳಿಸಿದ ಅಂಕಿ ವಾಯುಭಾರ ಕುಸಿಯುತ್ತಿರುವುದನ್ನು ತೋರಿಸಿತು. ‘ದಯವಿಟ್ಟು ಮತ್ತೊಮ್ಮೆ ನೋಡಿ’ ಎಂದು ದೂರವಾಣಿ ಕರೆ ಬಂತು. ಅವಳು ಮತ್ತೊಮ್ಮೆ ನೋಡಿದಳು; ಅಂಕಿ ಅದೇ. ಸೇನಾಪತಿ ಐಸೆನ್‌ಹೋವರನ ಹವಾಮಾನ ಸಲಹೆಗಾರ ಜೇಮ್ಸ್ ಸ್ಟಾಗ್ ಬಿರುಗಾಳಿಯ ಸೂಚನೆ ಕೊಟ್ಟ. ದಾಳಿ ಒಂದು ದಿನ ಮುಂದಕ್ಕೆ ಹೋಗಿ ಜೂನ್ 6ಕ್ಕೆ ನಡೆಯಿತು. ತಾನು ಕಳಿಸಿದ ಅಂಕಿ ಎಲ್ಲಿಗೆ ಹೋಯಿತೆಂಬುದು ಆ ಹುಡುಗಿಗೆ ಎಷ್ಟೋ ವರ್ಷ ತಿಳಿದೇ ಇರಲಿಲ್ಲ.

ನಮ್ಮ ದೇಶದಲ್ಲಿಯೂ ಇಂಥ ಒಬ್ಬ ಮಹಿಳೆಯ ಋಣ ನಮ್ಮ ಮೇಲಿದೆ. ಕೇರಳದ ಪೀರುಮೇಡಿನಲ್ಲಿ 1918ರಲ್ಲಿ ಹುಟ್ಟಿದ ಅಣ್ಣಾ ಮಣಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಸರ್ ಸಿ. ವಿ. ರಾಮನ್ನರ ಬಳಿ ವಜ್ರ, ಮಾಣಿಕ್ಯಗಳ ಬೆಳಕನ್ನು ಕುರಿತು ಸಂಶೋಧನೆ ಮಾಡಿದರು. ಎಂ.ಎಸ್‌ಸಿ. ಪದವಿಯಿಲ್ಲವೆಂಬ ಕಾರಣಕ್ಕೆ ವಿಶ್ವವಿದ್ಯಾನಿಲಯ ಅವರಿಗೆ ಡಾಕ್ಟರೇಟು ಕೊಡಲಿಲ್ಲ. ಇಂಗ್ಲೆಂಡಿಗೆ ಹೋಗಿ ಹವಾಮಾನದ ಉಪಕರಣಗಳ ವಿದ್ಯೆ ಕಲಿತು, 1948ರಲ್ಲಿ ಪುಣೆಯಲ್ಲಿ ಇಲಾಖೆಯನ್ನು ಸೇರಿದರು. ಸಾಮಾನ್ಯ ಉಷ್ಣಮಾಪಕವೂ ಹೊರದೇಶದಿಂದ ಬರಬೇಕಾಗಿದ್ದ ಕಾಲವದು. ನೂರರಷ್ಟು ಬಗೆಯ ಉಪಕರಣಗಳಿಗೆ ನಕ್ಷೆ ಬರೆಯಿಸಿ, ಇಲ್ಲಿಯೇ ತಯಾರಿಸಿ, ಒಂದರ ಅಳತೆಗೂ ಇನ್ನೊಂದರ ಅಳತೆಗೂ ಕೂದಲೆಳೆಯ ವ್ಯತ್ಯಾಸ ಬಾರದಂತೆ ಅವರು ನೋಡಿಕೊಂಡರು. ತಪ್ಪು ಅಳೆಯುವುದಕ್ಕಿಂತ ಅಳೆಯದಿರುವುದೇ ಲೇಸೆಂಬುದು ಅವರ ನಿಲುವು. 1976ರಲ್ಲಿ ಉಪಮಹಾನಿರ್ದೇಶಕರಾಗಿ ನಿವೃತ್ತರಾದ ಮೇಲೆಯೂ ಬೆಂಗಳೂರಿನಲ್ಲಿ ಗಾಳಿ ಬಿಸಿಲುಗಳನ್ನಳೆಯುವ ಉಪಕರಣಗಳ ಕಾರ್ಯಾಗಾರ ನಡೆಸಿದರು. 2001ರಲ್ಲಿ ತೀರಿಕೊಂಡರು. ಹೆಣ್ಣುಮಕ್ಕಳಿಗೆ ಆದರ್ಶ ತೋರಿಸಬೇಕೆಂದು ನಟಿಯರ ಚಿತ್ರಗಳನ್ನು ಹುಡುಕುವ ತಾಯಂದಿರಿಗೆ ಈ ಹೆಸರನ್ನು ನಾನು ಧಾರಾಳವಾಗಿ ಶಿಫಾರಸು ಮಾಡುತ್ತೇನೆ.

ಇಷ್ಟೆಲ್ಲ ಇದ್ದೂ ಮುನ್ಸೂಚನೆ ತಪ್ಪುವುದುಂಟು. 1988ರಿಂದ ಹದಿನಾರು ಅಂಶಗಳನ್ನು ಲೆಕ್ಕಕ್ಕೆ ತೆಗೆದುಕೊಳ್ಳುವ, ವಸಂತ ಗೋವಾರೀಕರರ ಹೆಸರಿನೊಡನೆ ಕೂಡಿಬಂದ ವಿಧಾನವೊಂದು ಬಳಕೆಯಲ್ಲಿತ್ತು. ವರ್ಷದ ಮೇಲೆ ವರ್ಷ ಅದು ‘ಸಾಧಾರಣ ಮಳೆ’ ಎಂದಿತು, ಸಾಧಾರಣ ಮಳೆಯೇ ಆಯಿತು. 2002ರಲ್ಲಿಯೂ ಅದು ಹಾಗೆಯೇ ಹೇಳಿತು. ಆ ಜುಲೈಯಲ್ಲಿ ದೇಶಕ್ಕೆ ಬರಬೇಕಾದ ಮಳೆಯ ಅರ್ಧದಷ್ಟು ಮಾತ್ರ ಬಂತು. ಇಲಾಖೆ ಆ ವಿಧಾನವನ್ನು ಕೈಬಿಟ್ಟು ಬೇರೆ ದಾರಿ ಹಿಡಿಯಿತು.

ಇದು ಎಲ್ಲರಿಗೂ ನೆನಪಿದೆ. 2015ರ ಮಾತು ನೆನಪಿದೆಯೇ? ಆ ವರ್ಷ ಏಪ್ರಿಲಿನಲ್ಲಿ ಇಲಾಖೆ, ಮಳೆ ಸರಾಸರಿಯ ನೂರಕ್ಕೆ 93ರಷ್ಟು ಮಾತ್ರ ಎಂದಿತು. ಜೂನಿನಲ್ಲಿ ಅದನ್ನೂ ಇಳಿಸಿ 88 ಎಂದಿತು. ಹಾಗಾಗಲಾರದೆಂದು ವಾದಿಸಿದವರು ಹಲವರು. ಮುಂಗಾರು ಮುಗಿದಾಗ ಲೆಕ್ಕ ಸಿಕ್ಕಿದ್ದು 86. ಇದಕ್ಕಿಂತ ಹತ್ತಿರದ ಗುರಿಯನ್ನು ಯಾವ ಬಿಲ್ಲುಗಾರ ಹೊಡೆದಾನು? ಆದರೆ ಗುರಿ ತಾಗಿದ್ದರಿಂದ ಆದ ಪ್ರಯೋಜನವೇನು? ಬಾಲಾಘಾಟದ ಬೆಟ್ಟಗಳಲ್ಲಿ ಹುಟ್ಟಿ ಲಾತೂರು ಸೀಮೆಯನ್ನು ಹಾದು ಭಾಲ್ಕಿ, ಔರಾದಗಳ ಕಡೆಯಿಂದ ಹರಿದುಬರುವ ಮಾಂಜರಾ ನದಿ ಒಣಗಿತು. 2016ರ ಏಪ್ರಿಲಿನಲ್ಲಿ ಬೀದರದ ನೆರೆಯ ಲಾತೂರಿಗೆ ಮೂರು ನೂರಕ್ಕೂ ಹೆಚ್ಚು ಕಿಲೊಮೀಟರು ದೂರದ ಮೀರಜದಿಂದ ರೈಲಿನಲ್ಲಿ ಕುಡಿಯುವ ನೀರು ತರಿಸಬೇಕಾಯಿತು. ಮೊದಲ ಗಾಡಿಯ ಹತ್ತು ತೊಟ್ಟಿಗಳಲ್ಲಿ ಬಂದದ್ದು ಐದು ಲಕ್ಷ ಲೀಟರು. ಹತ್ತು ತಿಂಗಳ ಮೊದಲೇ ತಿಳಿದಿದ್ದ ಬರ ಅದು. ಮುನ್ಸೂಚಕರು ಸುಳ್ಳು ಹೇಳಿದಾಗ ನಗುವ ನಾವು ನಿಜ ಹೇಳಿದಾಗ ಕೇಳಿಸಿಕೊಳ್ಳುವುದಿಲ್ಲವೆಂಬುದು ನನ್ನ ದೂರು.

ಕೇಳಿಸಿಕೊಂಡಾಗ ಏನಾಗುತ್ತದೆಂಬುದಕ್ಕೂ ಉದಾಹರಣೆಯುಂಟು. 1999ರ ಅಕ್ಟೋಬರಿನಲ್ಲಿ ಒರಿಸ್ಸಾದ ತೀರಕ್ಕೆ ಬಂದ ಮಹಾ ಚಂಡಮಾರುತದಲ್ಲಿ ಸುಮಾರು ಹತ್ತು ಸಾವಿರ ಮಂದಿ ಸತ್ತರು. 2013ರ ಅಕ್ಟೋಬರಿನಲ್ಲಿ ಅದೇ ತೀರಕ್ಕೆ ಫೈಲಿನ್ ಎಂಬ ಚಂಡಮಾರುತ ಬಂದಾಗ ಇಲಾಖೆ ದಿನಗಳ ಮೊದಲೇ ಅದರ ದಾರಿಯನ್ನು ಗುರುತಿಸಿತು; ಸರ್ಕಾರ ಹತ್ತು ಲಕ್ಷದಷ್ಟು ಜನರನ್ನು ಮನೆಗಳಿಂದ ಎಬ್ಬಿಸಿ ಸಾಗಿಸಿತು. ಸತ್ತವರ ಸಂಖ್ಯೆ ನೂರನ್ನು ಮುಟ್ಟಲಿಲ್ಲ. ಬಾರದೆ ಹೋದ ಸಾವಿಗೆ ಯಾರೂ ಕೃತಜ್ಞತೆ ಹೇಳುವುದಿಲ್ಲ. ಅದಕ್ಕೆ ಚಿತ್ರವೂ ಇಲ್ಲ.

ಕಡಲಿನಿಂದ ಅಷ್ಟು ದೂರದ ಬೀದರಕ್ಕೆ ಚಂಡಮಾರುತದ ಗೊಡವೆಯೇನೆಂದು ಕೇಳಬಾರದು. 2020ರ ಅಕ್ಟೋಬರ್ 13ರಂದು ಆಂಧ್ರದ ಕಾಕಿನಾಡದ ಬಳಿ ತೀರ ಹತ್ತಿದ ವಾಯುಭಾರ ಕುಸಿತ ಅಲ್ಲಿಗೇ ಸಾಯದೆ ತೆಲಂಗಾಣವನ್ನು ದಾಟಿ ಬಂತು. ಹೈದರಾಬಾದು ಮುಳುಗಿತು, ಬೀದರ, ಕಲಬುರಗಿಗಳಲ್ಲಿ ಮಳೆ ಜಡಿದು ಹೊಲದಲ್ಲಿ ನಿಂತ ಬೆಳೆ ನೀರುಪಾಲಾಯಿತು, ಭೀಮೆ ಉಕ್ಕಿ ಊರುಗಳನ್ನು ಹೊಕ್ಕಿತು. ಕಾರಂಜಾದಂಥ ಜಲಾಶಯದ ಬಾಗಿಲನ್ನು ಎಷ್ಟು, ಯಾವಾಗ ತೆರೆಯಬೇಕೆಂದು ನಿರ್ಧರಿಸುವ ಎಂಜಿನಿಯರಿಗೆ ನಾಳೆಯ ಮಳೆಯ ಅಂಕಿಯೇ ಆಧಾರ. ಬೀದರದ ವಾಯುಸೇನೆಯ ನೆಲೆಯಲ್ಲಿ ಎಳೆಯ ವಿಮಾನ ಚಾಲಕರು ತರಬೇತಿ ಪಡೆಯುತ್ತಾರೆ. ಅವರಿಗೂ ಮೋಡದ ಸುದ್ದಿ ಬರಿಯ ಕುಶಲ ಪ್ರಶ್ನೆಯಲ್ಲ.

ಇನ್ನು ಮುನ್ಸೂಚನೆಯ ಭಾಷೆ. ‘ಒಂದೆರಡು ಕಡೆ ಮಳೆಯಾಗುವ ಸಂಭವವಿದೆ’ ಎಂಬ ಮಾತನ್ನು ಜಾರಿಕೊಳ್ಳುವ ವಕೀಲನ ಮಾತೆಂದು ಹಲವರು ತಿಳಿದಿದ್ದಾರೆ. ಹಾಗಲ್ಲ, ಅದಕ್ಕೆ ಕಟ್ಟುನಿಟ್ಟಾದ ಅರ್ಥವಿದೆ. ಒಂದೆರಡು ಕಡೆಯೆಂದರೆ ಆ ಪ್ರದೇಶದ ಮಳೆಮಾಪನ ಕೇಂದ್ರಗಳಲ್ಲಿ ನೂರಕ್ಕೆ 25ರವರೆಗೆ ಮಾತ್ರ ಮಳೆ. ಕೆಲವು ಕಡೆ ಎಂದರೆ 50ರವರೆಗೆ. ಹಲವು ಕಡೆ ಎಂದರೆ 75ರವರೆಗೆ. ಹೆಚ್ಚಿನ ಕಡೆಗಳಲ್ಲಿ ಎಂದರೆ ಅದಕ್ಕೂ ಮೇಲೆ. ‘ಭಾರೀ ಮಳೆ’ ಎನ್ನುವುದೂ ಉದ್ಗಾರವಲ್ಲ: ದಿನಕ್ಕೆ 64.5 ಮಿಲಿಮೀಟರು ದಾಟಿದರೆ ಭಾರೀ, 115.5 ಮೀರಿದರೆ ಅತಿ ಭಾರೀ, 204.5 ಮುಟ್ಟಿದರೆ ಅತ್ಯಧಿಕ. ಹಳದಿ, ಕಿತ್ತಳೆ, ಕೆಂಪು ಎಂಬ ಎಚ್ಚರಿಕೆಗಳಿಗೂ ಕ್ರಮವಿದೆ. ಹಳದಿ ಕಣ್ಣಿಟ್ಟಿರಲು, ಕಿತ್ತಳೆ ಸಿದ್ಧರಾಗಲು, ಕೆಂಪು ಕೂಡಲೆ ಕಾರ್ಯಪ್ರವೃತ್ತರಾಗಲು. ಜಿಲ್ಲೆಯ ಒಂದೆರಡು ಕಡೆ ಮಳೆಯೆಂದು ಹೇಳಿ ಔರಾದದಲ್ಲಿ ಸುರಿದು ಬಗದಲ್ಲಿನಲ್ಲಿ ಹನಿಯೂ ಬೀಳದಿದ್ದರೆ ಮುನ್ಸೂಚನೆ ಸರಿಯೇ. ಆದರೆ ಬಗದಲ್ಲಿನ ರೈತನಿಗೆ ಅದರಿಂದ ಏನು ಸಮಾಧಾನ?

ಇಲ್ಲಿಯೇ ಈ ವಿದ್ಯೆಯ ನಿಜವಾದ ಕಷ್ಟವಿರುವುದು. ವಾತಾವರಣವನ್ನು ಚೌಕ ಚೌಕವಾಗಿ ಭಾಗಿಸಿ ಪ್ರತಿಯೊಂದಕ್ಕೂ ಲೆಕ್ಕ ಕಟ್ಟುವುದು ಗಣಕಯಂತ್ರದ ಕೆಲಸ. ಚೌಕ ದೊಡ್ಡದಾದಷ್ಟೂ ಬೀದರವೂ ಬಗದಲ್ಲೂ ಒಂದೇ ಆಗಿ ಕಾಣುತ್ತವೆ. 12 ಕಿಲೊಮೀಟರಿನ ಚೌಕಗಳಿದ್ದುದು 2025ರ ಮೇ ತಿಂಗಳಿನಲ್ಲಿ ಬಳಕೆಗೆ ಬಂದ ಹೊಸ ವ್ಯವಸ್ಥೆಯಲ್ಲಿ 6 ಕಿಲೊಮೀಟರಿಗೆ ಇಳಿದಿದೆ. ಮೇಲಿನಿಂದ ನೋಡುವ ಕಣ್ಣುಗಳೂ ಉಂಟು. 2024ರ ಫೆಬ್ರವರಿಯಲ್ಲಿ ಹಾರಿದ ಇನ್ಸಾಟ್-3ಡಿಎಸ್ ಉಪಗ್ರಹ ಅವುಗಳಲ್ಲೊಂದು. ಈ ಬಳಗದ ಉಪಗ್ರಹಗಳನ್ನು ನಮ್ಮ ಹಾಸನದ ಕೇಂದ್ರದಿಂದ ನಿಯಂತ್ರಿಸುತ್ತಾರೆಂಬುದು ನಮಗೆ ಹೆಮ್ಮೆಯ ವಿಷಯ. ಇಷ್ಟಾದರೂ ಬೇಸಗೆಯ ಸಂಜೆ ಗಂಟೆಯೊಳಗೆ ಹುಟ್ಟಿ ಗಂಟೆಯೊಳಗೆ ಸಾಯುವ ಗುಡುಗುಮೋಡ ಯಾವ ಹೊಲದ ಮೇಲೆ ನಿಲ್ಲುವುದೆಂದು ಹಿಂದಿನ ದಿನವೇ ಹೇಳಬಲ್ಲವರು ಇನ್ನೂ ಹುಟ್ಟಿಲ್ಲ. ಹೇಳುತ್ತೇನೆನ್ನುವವನು ಶಾಸ್ತ್ರಜ್ಞನಲ್ಲ, ಕಣಿ ಹೇಳುವವನು.

ಅಂಥ ಮೋಡಗಳ ಸಿಡಿಲು ದೇಶದಲ್ಲಿ ಪ್ರತಿ ವರ್ಷ ಎರಡು ಸಾವಿರಕ್ಕೂ ಹೆಚ್ಚು ಜನರನ್ನು ಕೊಲ್ಲುತ್ತದೆ. ಸತ್ತವರಲ್ಲಿ ಬಹುಮಂದಿ ಹೊಲದಲ್ಲಿ ದುಡಿಯುತ್ತಿದ್ದವರು, ಮಳೆಗೆ ಮರದಡಿ ನಿಂತವರು. ಪುಣೆಯ ಉಷ್ಣವಲಯ ಹವಾಮಾನ ಸಂಸ್ಥೆಯವರು ಸಿಡಿಲನ್ನು ಗುರುತಿಸುವ ಯಂತ್ರಗಳನ್ನು ದೇಶದಲ್ಲೆಲ್ಲ ನೆಟ್ಟು, ‘ದಾಮಿನಿ’ ಎಂಬ ಹೆಸರಿನಿಂದ ಜೇಬಿನ ದೂರವಾಣಿಗೇ ಎಚ್ಚರಿಕೆ ಬರುವಂತೆ ಮಾಡಿದ್ದಾರೆ. ದೂರವಾಣಿಯಿಲ್ಲದವರಿಗೆ ಹಳೆಯ ಲೆಕ್ಕ ಸಾಕು: ಮಿಂಚು ಕಂಡ ಮೇಲೆ ಗುಡುಗು ಕೇಳುವವರೆಗೆ ಎಣಿಸಬೇಕು, ಮೂರು ಎಣಿಕೆಗೆ ಒಂದು ಕಿಲೊಮೀಟರು. ಮೂವತ್ತರೊಳಗೆ ಗುಡುಗು ಕೇಳಿತೆಂದರೆ ಮರವನ್ನು ಬಿಟ್ಟು ಮನೆಯೊಳಗೆ ಸೇರಬೇಕು.

ನಮ್ಮ ರಾಜ್ಯ ಈ ವಿಷಯದಲ್ಲಿ ಹಿಂದೆ ಬಿದ್ದಿಲ್ಲವೆಂದು ಸಂತೋಷದಿಂದ ಹೇಳಬಹುದು. 1988ರಲ್ಲಿ ಬರ ನಿರ್ವಹಣೆಗೆಂದು ಒಂದು ಸಣ್ಣ ಘಟಕವಾಗಿ ಆರಂಭವಾದದ್ದು ಇಂದು ಯಲಹಂಕದ ಕರ್ನಾಟಕ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರವಾಗಿ ಬೆಳೆದಿದೆ. ಗ್ರಾಮ ಪಂಚಾಯಿತಿಗೊಂದರಂತೆ ಆರು ಸಾವಿರಕ್ಕೂ ಹೆಚ್ಚು ಸ್ವಯಂಚಾಲಿತ ಮಳೆಮಾಪಕಗಳು. ಪ್ರತಿ ಹದಿನೈದು ನಿಮಿಷಕ್ಕೊಮ್ಮೆ ಅಂಕಿ ಬೆಂಗಳೂರಿಗೆ ಬರುತ್ತದೆ. ‘ವರುಣಮಿತ್ರ’ ಎಂಬ ಸಹಾಯವಾಣಿಗೆ ರೈತನು ಹಗಲಿರುಳು ಯಾವಾಗ ಕರೆ ಮಾಡಿದರೂ ತನ್ನ ಹೋಬಳಿಯ ಮಳೆಯ ಸುದ್ದಿಯನ್ನು ಕನ್ನಡದಲ್ಲಿ ಕೇಳಬಹುದು. ಇನ್ನೊಂದು ಕಡೆಯ ಸುದ್ದಿ ಅಷ್ಟು ಹಿತವಾದುದಲ್ಲ. ದೇಶದ ಕೃಷಿ ವಿಜ್ಞಾನ ಕೇಂದ್ರಗಳಲ್ಲಿ ತೆರೆದಿದ್ದ 199 ಜಿಲ್ಲಾ ಕೃಷಿ ಹವಾಮಾನ ಘಟಕಗಳನ್ನು 2024ರ ಮಾರ್ಚಿನಲ್ಲಿ ನಿಲ್ಲಿಸಲಾಯಿತು. ಮಂಗಳವಾರ, ಶುಕ್ರವಾರ ಮುನ್ಸೂಚನೆಯನ್ನು ಓದಿ, ಈ ವಾರ ಔಷಧಿ ಸಿಂಪಡಿಸಬೇಡಿ, ಈ ವಾರ ಹೆಸರು ಬಿಡಿಸಿಕೊಳ್ಳಿ ಎಂದು ಊರಿನ ಮಾತಿನಲ್ಲಿ ತಿಳಿಸುತ್ತಿದ್ದವರು ಅಲ್ಲಿನ ತಜ್ಞರು. ಮುಗಿಲ ಭಾಷೆಯನ್ನು ಹೊಲದ ಭಾಷೆಗೆ ತರುವ ಈ ದುಭಾಷಿಗಳಿಗೆ ಕೊಡುವ ಸಂಬಳ ಉಪಗ್ರಹದ ಬೆಲೆಯ ಮುಂದೆ ಎಷ್ಟರದು?

ಪಂಚಾಯಿತಿಯ ಮಗ್ಗುಲಿನ ಮಳೆಮಾಪಕಕ್ಕಾದರೆ ಖರ್ಚು ಇನ್ನೂ ಕಡಿಮೆ. ಅದರ ಬಾಯಿಗೆ ಎಲೆ ಬಿದ್ದು ಮುಚ್ಚದಂತೆ, ಒಳಗೆ ಕಣಜ ಗೂಡು ಕಟ್ಟದಂತೆ ಆಗಾಗ ನೋಡಿಕೊಳ್ಳಬೇಕು. ಬೇಲಿಯ ಮೇಲೆ ಒದ್ದೆ ಬಟ್ಟೆ ಹರವಬಾರದು, ಮರದ ನೆರಳು ಬೆಳೆದು ಬಂದರೆ ಟೊಂಗೆ ಕಡಿಯಬೇಕು. ಊರಿನ ಶಾಲೆಯ ಹುಡುಗರಿಗೆ ಈ ಕೆಲಸವನ್ನು ಒಪ್ಪಿಸಿದರೆ ಸಂತೋಷದಿಂದ ಮಾಡಿಯಾರು. ಎಂಟೂವರೆಗೆ ಅಂಕಿ ಓದಿ ಶಾಲೆಯ ಕಪ್ಪು ಹಲಗೆಯ ಮೂಲೆಯಲ್ಲಿ ಬರೆಯುವ ಅಧಿಕಾರವನ್ನೂ ಕೊಟ್ಟರೆ ಜಗಳವಾಡಿಕೊಂಡು ಮಾಡಿಯಾರು.